ತುತ್ತಿಗೆ ಬೇಕು 13 ಮಿಲಿಮೀಟರ್

ರಾಗಿ ಮುದ್ದೆಯನ್ನು ಅಗಿದು ತಿನ್ನುವವರನ್ನು ಕಂಡರೆ ಮಂಡ್ಯ, ಹಾಸನ, ತುಮಕೂರಿನ ಕಡೆ ಈಗಲೂ ನಗುತ್ತಾರೆ. ಮುರಿದು, ಬೆರಳಲ್ಲಿ ಉಂಡೆ ಮಾಡಿ, ಸಾರಿನಲ್ಲಿ ಹೊರಳಿಸಿ, ಹಲ್ಲಿಗೆ ಸೋಕಿಸದೆ ನುಂಗಬೇಕು. ಅನ್ನನಾಳ ಸರಿಯಿದ್ದವರಿಗೆ ಇದರಲ್ಲಿ ಸಾಹಸವೇನೂ ಇಲ್ಲ. ಆದರೆ ಆ ನಾಳ ಒಳಗೆಲ್ಲೋ ಕಿರಿದಾಗತೊಡಗಿತೆಂದರೆ ಮೊದಲು ತಕರಾರು ತೆಗೆಯುವುದು ಇಂಥ ತುತ್ತುಗಳೇ: ಮುದ್ದೆ, ಚಪಾತಿ, ಮಾಂಸದ ತುಂಡು. ಗಂಟಲು ದಾಟಿದ ತುತ್ತು ಎದೆಯ ನಡುವೆ ಬಂದು ನಿಲ್ಲುತ್ತದೆ. ಒಂದು ಲೋಟ ನೀರು ಕುಡಿದರೆ ಜಾರುತ್ತದೆ. ಅಲ್ಲಿಗೆ ಮುಗಿಯಿತು ಎಂದುಕೊಂಡು ಊಟ ಮುಂದುವರಿಸುತ್ತಾರೆ.

ಮುಗಿದಿರುವುದಿಲ್ಲ. ಈ ತೊಂದರೆಯ ವಿಚಿತ್ರವೆಂದರೆ ರೋಗಿ ಅದಕ್ಕೆ ಹೊಂದಿಕೊಂಡುಬಿಡುವುದು. ಮೊದಲು ಮುದ್ದೆ ಬಿಟ್ಟು ಅನ್ನಕ್ಕೆ ಬರುತ್ತಾರೆ, ಆಮೇಲೆ ಅನ್ನವನ್ನು ಕಿವುಚಿ ಮಜ್ಜಿಗೆ ಹಾಕಿಕೊಳ್ಳುತ್ತಾರೆ, ಕೊನೆಗೆ ಗಂಜಿ. ಮದುವೆಮನೆಯ ಪಂಕ್ತಿಯಲ್ಲಿ ಕೂರುವುದನ್ನು ಏನೋ ನೆಪ ಹೇಳಿ ತಪ್ಪಿಸುತ್ತಾರೆ. ಎಲ್ಲರ ಊಟ ಮುಗಿದರೂ ಅಜ್ಜನ ತಟ್ಟೆ ಖಾಲಿಯಾಗದಿದ್ದರೆ ಮನೆಯವರು ‘ವಯಸ್ಸಾಯ್ತಲ್ಲ’ ಎನ್ನುತ್ತಾರೆ. ಹಾಗಾಗಿ ‘ಊಟ ಸೇರುತ್ತಾ?’ ಎಂದು ಕೇಳಿದರೆ ವೈದ್ಯರಿಗೆ ನಿಜ ಸಿಗುವುದಿಲ್ಲ. ‘ಏನು ತಿನ್ನೋದು ಬಿಟ್ಟಿದ್ದೀರಿ ಯಜಮಾನ್ರೇ?’ ಎಂದು ಕೇಳಬೇಕು. ‘ಮುದ್ದೆ ಬುಟ್ಟು ಆರ್ ತಿಂಗ್ಳಾಯ್ತು ಸಾ, ಈಗ ಗಂಜಿನೇ’ ಎಂಬ ಉತ್ತರದಲ್ಲಿ ಅರ್ಧ ರೋಗನಿರ್ಣಯ ಇರುತ್ತದೆ.

ದೊಡ್ಡವರ ಅನ್ನನಾಳ ಸುಮಾರು 25 ಸೆಂಟಿಮೀಟರ್ ಉದ್ದದ ಸ್ನಾಯುವಿನ ಕೊಳವೆ. ಖಾಲಿಯಿದ್ದಾಗ ಮಡಚಿಕೊಂಡಿರುತ್ತದೆ, ತುತ್ತು ಬಂದಾಗ ಹಿಗ್ಗಿ 2 ಸೆಂಟಿಮೀಟರಿನಷ್ಟು ಅಗಲವಾಗುತ್ತದೆ. ಎಷ್ಟು ಕಿರಿದಾದರೆ ಊಟ ಸಿಕ್ಕಿಕೊಳ್ಳುತ್ತದೆ ಎಂಬುದಕ್ಕೆ ಇವತ್ತಿಗೂ ಬಳಕೆಯಲ್ಲಿರುವ ಅಳತೆಯನ್ನು ಕೊಟ್ಟವರು ಎಕ್ಸ್‌ರೇ ತಜ್ಞ ರಿಚರ್ಡ್ ಶಾಟ್ಸ್ಕಿ. ಅನ್ನನಾಳದ ತುದಿಯಲ್ಲಿ ಉಂಟಾಗುವ ಉಂಗುರದಂಥ ಮಡಿಕೆಯನ್ನು ಅವರು 1953ರಲ್ಲಿ ವಿವರಿಸಿದರು. ಆ ಉಂಗುರದ ಒಳ ಅಗಲ 20 ಮಿಲಿಮೀಟರ್ ಮೀರಿದ್ದರೆ ತೊಂದರೆ ಅಪರೂಪ. 13ಕ್ಕಿಂತ ಕಡಿಮೆಯಾದರೆ ಗಟ್ಟಿ ಪದಾರ್ಥ ಸಿಕ್ಕಿಕೊಳ್ಳುವುದು ಹೆಚ್ಚುಕಡಿಮೆ ಖಚಿತ. ಹೊಟ್ಟೆ ನೋಡುವ ಎಂಡೋಸ್ಕೋಪ್ ಕೂಡ ಇಲ್ಲೊಂದು ಅಳತೆಗೋಲೇ. ಅದರ ದಪ್ಪ ಸುಮಾರು 9ರಿಂದ 10 ಮಿಲಿಮೀಟರ್. ಅದು ಒಳಗೆ ಹೋಗದೆ ನಿಂತರೆ ದಾರಿ ಅದಕ್ಕಿಂತಲೂ ಕಿರಿದು ಎಂದು ಅಲ್ಲೇ ಗೊತ್ತಾಗುತ್ತದೆ. ಇನ್ನೊಂದು ಸರಳ ಗಣಿತವೂ ಇದೆ. 6 ಮಿಲಿಮೀಟರ್ ದಾರಿಯನ್ನು 12ಕ್ಕೆ ತಂದರೆ ಅಗಲ ಎರಡು ಪಟ್ಟಾಯಿತು, ಆದರೆ ತುತ್ತು ಹಾಯುವ ಜಾಗ ನಾಲ್ಕು ಪಟ್ಟಾಯಿತು. ಕಿರಿದಾದ ನಾಳವನ್ನು ಹಿಗ್ಗಿಸುವ ಚಿಕಿತ್ಸೆಯಲ್ಲಿ ಒಂದೊಂದು ಮಿಲಿಮೀಟರಿಗೂ ಇಷ್ಟು ಬೆಲೆ ಬರುವುದು ಇದರಿಂದಲೇ.

ನಾಳ ಕಿರಿದಾಗಲು ಕಾರಣಗಳು ಹಲವು. ವರ್ಷಗಟ್ಟಲೆ ಎದೆಯುರಿ, ಹುಳಿತೇಗು ಇದ್ದು ಅದಕ್ಕೆ ಸರಿಯಾದ ಮದ್ದು ಮಾಡದವರಲ್ಲಿ ಜಠರದ ಆಮ್ಲ ಮೇಲೇರಿ ಕೆಳತುದಿಯನ್ನು ಸುಡುತ್ತದೆ. ಗಾಯ ಮಾಯುವಾಗ ಕಲೆ ಬೀಳುತ್ತದೆ, ಕೈ ಸುಟ್ಟ ಗಾಯ ಒಣಗುವಾಗ ಚರ್ಮವನ್ನು ಜಗ್ಗುವಂತೆ ಆ ಕಲೆ ನಾಳವನ್ನು ಒಳಕ್ಕೆ ಸೆಳೆಯುತ್ತದೆ. ಗಂಟಲು, ಎದೆಯ ಕ್ಯಾನ್ಸರಿಗೆ ಕೊಟ್ಟ ವಿಕಿರಣ ತಾಗಿದ ಭಾಗ, ಅನ್ನನಾಳವನ್ನು ಕತ್ತರಿಸಿ ಜೋಡಿಸಿದ ಹೊಲಿಗೆಯ ಜಾಗ, ಇವೂ ಮುಂದೆ ಬಿಗಿಯುತ್ತವೆ. ರಾತ್ರಿ ಮಲಗುವ ಮುನ್ನ ನೀರಿಲ್ಲದೆ ನುಂಗಿದ ಡಾಕ್ಸಿಸೈಕ್ಲಿನ್ ಮಾತ್ರೆಯಂಥ ಸಣ್ಣ ವಿಷಯವೂ ಅಲ್ಲೇ ಅಂಟಿ ಕೂತು ಹುಣ್ಣು ಮಾಡಬಲ್ಲದು. ಕ್ಷಯದಿಂದ ಊದಿದ ಎದೆಯ ಗ್ರಂಥಿ ಹೊರಗಿನಿಂದ ಒತ್ತುವುದೂ ನಮ್ಮ ದೇಶದಲ್ಲಿ ಉಂಟು; ಅದಕ್ಕೆ ಬೇಕಾದದ್ದು ಮೊದಲು ಕ್ಷಯದ ಮಾತ್ರೆ.

ಹೆಂಗಸರಲ್ಲಿ ಕಾಣುವ ಒಂದು ಬಗೆಯನ್ನು ಬೇರೆಯಾಗಿ ಹೇಳಲೇಬೇಕು. ದೀರ್ಘಕಾಲ ಕಬ್ಬಿಣಾಂಶ ಕಡಿಮೆಯಾಗಿ ರಕ್ತಹೀನತೆ ಇರುವ ಕೆಲವರಲ್ಲಿ ಅನ್ನನಾಳದ ಮೇಲ್ತುದಿಯಲ್ಲಿ ತೆಳು ಪೊರೆಯೊಂದು ಅಡ್ಡ ಬೆಳೆಯುತ್ತದೆ. ಪ್ಲಮರ್-ವಿನ್ಸನ್ ಎಂಬ ಹೆಸರಿನ ಈ ಕಾಯಿಲೆ ಪಶ್ಚಿಮದ ದೇಶಗಳಲ್ಲಿ ಈಗ ಬಹುಪಾಲು ಪಠ್ಯಪುಸ್ತಕಕ್ಕೆ ಸೇರಿದೆ. ನಮ್ಮಲ್ಲಿ ಇನ್ನೂ ಹೊರರೋಗಿ ವಿಭಾಗದಲ್ಲಿ ಎದುರಾಗುತ್ತದೆ. ಸಮಾಧಾನದ ಸಂಗತಿಯೆಂದರೆ ಹಿಗ್ಗಿಸಲು ಇದರಷ್ಟು ಸುಲಭವಾದದ್ದು ಇನ್ನೊಂದಿಲ್ಲ. ಎಂಡೋಸ್ಕೋಪ್ ತಾಗಿದರೇ ಕೆಲವೊಮ್ಮೆ ಪೊರೆ ಹರಿಯುತ್ತದೆ. ಹಾಗೆಂದು ಮರೆಯುವಂತಿಲ್ಲ. ಕಬ್ಬಿಣದ ಮಾತ್ರೆ ಮುಂದುವರಿಯಬೇಕು, ಜೊತೆಗೆ ಆ ಜಾಗದಲ್ಲಿ ಕ್ಯಾನ್ಸರ್ ಬರುವ ಸಂಭವ ಇಂಥವರಿಗೆ ಹೆಚ್ಚಿರುವುದರಿಂದ ಆಗಾಗ ತೋರಿಸಿಕೊಳ್ಳಬೇಕು.

ಕ್ಯಾನ್ಸರಿನ ಮಾತು ಬಂದಿತು. ಯಾವ ಕಿರಿದಾದ ನಾಳವನ್ನು ಕಂಡರೂ ವೈದ್ಯರು ಮೊದಲು ಒಂದೆರಡು ಚೂರು ಅಂಗಾಂಶ ಕಿತ್ತು ಬಯಾಪ್ಸಿಗೆ ಕಳಿಸುವುದು ಅದಕ್ಕಾಗಿಯೇ. ಹೊಗೆಸೊಪ್ಪು, ಎಲೆಅಡಿಕೆ, ಮದ್ಯದ ನಂಟಿರುವ ಅನ್ನನಾಳದ ಕ್ಯಾನ್ಸರ್ ಕರ್ನಾಟಕಕ್ಕೆ ಅಪರಿಚಿತವಲ್ಲ. ಬೆಂಗಳೂರಿನ ಕಿದ್ವಾಯಿ ಸಂಸ್ಥೆಗೆ ಬರುವ ಇಂಥ ರೋಗಿಗಳಲ್ಲಿ ಹಲವರು ನೀರು ಕೂಡ ಇಳಿಯದ ಸ್ಥಿತಿಯಲ್ಲಿ ಬರುತ್ತಾರೆ. ಮೊದಲು ಗಟ್ಟಿ ಊಟ, ಆಮೇಲೆ ಮೆದು, ಆಮೇಲೆ ನೀರು, ಹೀಗೆ ವಾರಗಳಲ್ಲಿ ಒಂದೊಂದೇ ಬಾಗಿಲು ಮುಚ್ಚುತ್ತ ಬಂದರೆ, ತೂಕವೂ ಇಳಿದರೆ, ತಡಮಾಡುವುದು ಬೇಡ.

ನಾಳವನ್ನು ಒಳಗಿನಿಂದ ಹಿಗ್ಗಿಸುವ ಉಪಾಯ ಎಂಡೋಸ್ಕೋಪಿಗಿಂತ ಬಹಳ ಹಳೆಯದು. ಇಂಗ್ಲೆಂಡಿನ ವೈದ್ಯ ಥಾಮಸ್ ವಿಲ್ಲಿಸ್ 1674ರಲ್ಲಿ ಬರೆದ ಒಬ್ಬ ರೋಗಿಯ ವೃತ್ತಾಂತ ಪ್ರಸಿದ್ಧ. ತಿಂದದ್ದು ಜಠರಕ್ಕೆ ಇಳಿಯದೆ ವಾಪಸು ಬರುತ್ತಿದ್ದ ಆ ಮನುಷ್ಯನಿಗೆ ವಿಲ್ಲಿಸ್ ತಿಮಿಂಗಿಲದ ಬಾಯಿಯೊಳಗಿನ ಬಾಗುವ ಎಲುಬಿನಂಥ ಪಟ್ಟಿಯ ತುದಿಗೆ ಸ್ಪಂಜು ಕಟ್ಟಿ ಕೊಟ್ಟರು. ಪ್ರತಿ ಊಟದಲ್ಲೂ ಅದನ್ನು ತಾನೇ ಗಂಟಲಿಗೆ ಇಳಿಸಿ ಅನ್ನವನ್ನು ಕೆಳಕ್ಕೆ ನೂಕಿಕೊಂಡು ಆತ ವರ್ಷಾನುಗಟ್ಟಲೆ ಬದುಕಿದ. ಮೇಣ ಹಚ್ಚಿದ ಕಡ್ಡಿಗಳು, ಪಾದರಸ ತುಂಬಿದ ರಬ್ಬರ್ ಕೊಳವೆಗಳು ಆಮೇಲೆ ಬಂದವು. ಇವೆಲ್ಲ ಕಣ್ಣುಕಟ್ಟಿ ಮಾಡುವ ಕೆಲಸಗಳು. ಕೊಳವೆ ದಾರಿಯಲ್ಲಿ ಹೋಗುತ್ತಿದೆಯೋ ಗೋಡೆಯನ್ನು ತೂತು ಮಾಡುತ್ತಿದೆಯೋ ತಿಳಿಯುತ್ತಿರಲಿಲ್ಲ. ಹಿಂದಿನ ದಿನವೇ ರೋಗಿಗೆ ರೇಷ್ಮೆ ದಾರ ನುಂಗಿಸಿ, ಅದು ಕರುಳಿಗೆ ಇಳಿದು ಬಿಗಿಯಾದ ಮೇಲೆ ಅದರ ಗುಂಟ ಕೊಳವೆ ಸಾಗಿಸುವುದು ಆಗಿನ ಜಾಣ್ಮೆ. ಇಂದು ಆ ದಾರದ ಜಾಗದಲ್ಲಿ ತೆಳು ಲೋಹದ ತಂತಿ ಬಂದಿದೆ, ಯೋಚನೆ ಅದೇ.

ಈ ಕಥೆಯಲ್ಲಿ ನನಗೆ ಎಲ್ಲರಿಗಿಂತ ಇಷ್ಟವಾಗುವವರು ಅಮೆರಿಕದ ವೈದ್ಯ ಚೆವಲಿಯರ್ ಜಾಕ್ಸನ್. ಮಕ್ಕಳು ನುಂಗಿದ ಪಿನ್ನು, ಗುಂಡಿ, ನಾಣ್ಯಗಳನ್ನು ಕೊಳವೆ ಇಳಿಸಿ ತೆಗೆಯುವುದರಲ್ಲಿ ಅವರು ನಿಷ್ಣಾತರು. ಹಾಗೆ ತೆಗೆದ ಎರಡು ಸಾವಿರಕ್ಕೂ ಹೆಚ್ಚು ವಸ್ತುಗಳು ಫಿಲಡೆಲ್ಫಿಯಾದ ಮ್ಯೂಟರ್ ಮ್ಯೂಸಿಯಮ್ಮಿನಲ್ಲಿ ಇಂದಿಗೂ ಇವೆ. ಆದರೆ ಅವರ ನಿದ್ದೆಗೆಡಿಸಿದ್ದು ಗುಂಡಿ, ನಾಣ್ಯಗಳಲ್ಲ, ಸಕ್ಕರೆಯಂತೆ ಕಾಣುವ ತೀಕ್ಷ್ಣ ಕ್ಷಾರ. ಆ ಕಾಲದಲ್ಲಿ ಸಾಬೂನು ಕಾಯಿಸಲು, ಪಾತ್ರೆ ತೊಳೆಯಲು ಮನೆಮನೆಯಲ್ಲೂ ಅದನ್ನು ಇಟ್ಟುಕೊಳ್ಳುತ್ತಿದ್ದರು. ಮಕ್ಕಳು ಬಾಯಿಗೆ ಹಾಕಿಕೊಂಡು ಅನ್ನನಾಳವನ್ನೇ ಸುಟ್ಟುಕೊಳ್ಳುತ್ತಿದ್ದರು. ಆ ಮಕ್ಕಳಿಗೆ ತಿಂಗಳುಗಟ್ಟಲೆ ನಾಳ ಹಿಗ್ಗಿಸುತ್ತ ಕೂತ ಜಾಕ್ಸನ್, ಡಬ್ಬಿಯ ಮೇಲೆ ‘ವಿಷ’ ಎಂದು ಮುದ್ರಿಸದ ಹೊರತು ಈ ಕೆಲಸಕ್ಕೆ ಕೊನೆಯಿಲ್ಲ ಎಂದು ಕಂಡುಕೊಂಡರು. ವರ್ಷಗಳ ಕಾಲ ಶಾಸಕರ ಬೆನ್ನುಬಿದ್ದರು. 1927ರಲ್ಲಿ ಅಮೆರಿಕದಲ್ಲಿ ಅದಕ್ಕೆ ಕಾನೂನೇ ಆಯಿತು.

ಈಗ ಚಿಕಿತ್ಸೆಯ ಕೋಣೆಗೆ ಬರೋಣ. ರೋಗಿ ಕನಿಷ್ಠ ಆರು ಗಂಟೆ ಉಪವಾಸ ಇರಬೇಕು. ರಕ್ತ ತೆಳುಮಾಡುವ ಮಾತ್ರೆ ತೆಗೆದುಕೊಳ್ಳುತ್ತಿದ್ದರೆ ಮೊದಲೇ ಹೇಳಬೇಕು. ಮಂಪರಿನ ಔಷಧ ಕೊಟ್ಟು, ಎಡಮಗ್ಗುಲಿಗೆ ಮಲಗಿಸಿ ಎಂಡೋಸ್ಕೋಪ್ ಇಳಿಸುತ್ತಾರೆ. ಕಿರಿದಾದ ಜಾಗ ತಲುಪಿದ ಮೇಲೆ ಎರಡು ದಾರಿಗಳಿವೆ. ಒಂದು, ತಂತಿಯನ್ನು ದಾಟಿಸಿ, ಎಂಡೋಸ್ಕೋಪನ್ನು ಹೊರತೆಗೆದು, ತುದಿ ಸಪೂರವಾಗಿರುವ ಪ್ಲಾಸ್ಟಿಕ್ ಕೊಳವೆಗಳನ್ನು ಸಣ್ಣದರಿಂದ ದಪ್ಪದ್ದರವರೆಗೆ ಒಂದಾದ ಮೇಲೊಂದರಂತೆ ಆ ತಂತಿಯ ಮೇಲೆ ಹಾಯಿಸುವುದು. ಸವಾರಿ ಎಂಬ ಹೆಸರಿನ ಈ ಕೊಳವೆಗಳು 5ರಿಂದ 20 ಮಿಲಿಮೀಟರ್‌ವರೆಗೆ ಸಿಗುತ್ತವೆ. ಇನ್ನೊಂದು, ಎಂಡೋಸ್ಕೋಪಿನ ಒಳಗಿನ ಸಣ್ಣ ಕಾಲುವೆಯ ಮೂಲಕವೇ ಮಡಚಿದ ಬಲೂನನ್ನು ಕಳಿಸಿ, ಕಿರಿದಾದ ಜಾಗದ ನಡುವೆ ಕೂರಿಸಿ, ಒತ್ತಡ ನೋಡಿಕೊಂಡು ನೀರು ತುಂಬುವುದು. ಒಂದೇ ಬಲೂನಿನಲ್ಲಿ ಒತ್ತಡ ಏರಿಸುತ್ತ ಹೋದಂತೆ 10, 11, 12 ಮಿಲಿಮೀಟರ್ ಎಂಬ ಮೂರು ಹಂತಗಳು ಸಿಗುವ ಏರ್ಪಾಡು ಇರುತ್ತದೆ. ಅರ್ಧದಿಂದ ಒಂದು ನಿಮಿಷ ಹಾಗೇ ಹಿಡಿದು ಇಳಿಸುತ್ತಾರೆ.

ಕೊಳವೆ ಮೇಲೋ ಬಲೂನ್ ಮೇಲೋ ಎಂಬ ಚರ್ಚೆ ವೈದ್ಯರ ಸಭೆಗಳಲ್ಲಿ ನಡೆಯುತ್ತಲೇ ಇರುತ್ತದೆ. ಹೋಲಿಸಿ ನೋಡಿದ ಅಧ್ಯಯನಗಳಲ್ಲಿ ಫಲಿತಾಂಶದ ವ್ಯತ್ಯಾಸ ಹೆಚ್ಚೇನೂ ಕಂಡಿಲ್ಲ. ಬಲೂನಿನಲ್ಲಿ ಕಣ್ಣಿಗೆ ಕಾಣುತ್ತದೆ, ಕೊಳವೆಯಲ್ಲಿ ಕೈಗೆ ತಿಳಿಯುತ್ತದೆ. ಗೋಡೆ ಎಷ್ಟು ಬಿಗಿಯಾಗಿದೆ ಎಂಬುದು ಕೊಳವೆ ನೂಕುವವರ ಬೆರಳಿಗೆ ಗೊತ್ತಾಗುತ್ತದೆ. ಆ ಬೆರಳಿನ ಮೇಲೆಯೇ ಒಂದು ಹಳೆಯ ನಿಯಮ ನಿಂತಿದೆ: ಬಿಗಿ ಹತ್ತಿದ ಕೊಳವೆಯಿಂದ ಮುಂದಕ್ಕೆ ಒಂದು ಸಲಕ್ಕೆ ಮೂರು ಅಳತೆಗಿಂತ ಮೇಲೆ ಹೋಗಬೇಡ. ಅಂದರೆ ದಿನಕ್ಕೆ ಹೆಚ್ಚೆಂದರೆ 3 ಮಿಲಿಮೀಟರ್. 7ರಲ್ಲಿ ಬಿಗಿದರೆ ಆ ದಿನ 10ಕ್ಕೆ ನಿಲ್ಲಬೇಕು. ಉಳಿದದ್ದು ಮುಂದಿನ ಸಲ. ಇದಕ್ಕೆ ಗಟ್ಟಿ ಪುರಾವೆ ಏನು ಎಂದು ಈಚಿನವರು ಪ್ರಶ್ನಿಸುತ್ತಾರೆ, ಕೆಲವೊಮ್ಮೆ ಮೀರುತ್ತಾರೆ ಕೂಡ. ಆದರೂ ಹಟಮಾರಿ ಕಲೆಗಳ ಮುಂದೆ ಅನುಭವಿಗಳು ಈ ನಿಯಮವನ್ನು ಬಿಡುವುದಿಲ್ಲ.

ಯಾಕೆಂದರೆ ಹಿಗ್ಗಿಸುವುದು ಎಂದರೆ ಹರಿಯುವುದೇ. ಕಲೆಯ ನಾರುಗಳು ಹರಿದಾಗಲೇ ದಾರಿ ಬಿಡುತ್ತದೆ. ಬಲೂನ್ ಇಳಿಸಿದ ಮೇಲೆ ಗೋಡೆಯಲ್ಲಿ ಸಣ್ಣ ಸೀಳು, ತುಸು ರಕ್ತ ಕಂಡರೆ ಕೆಲಸ ಆಗಿದೆ ಎಂದರ್ಥ. ಆ ಸೀಳು ಗೋಡೆಯ ಆಚೆಗೆ ದಾಟಿದರೆ ಮಾತ್ರ ಅಪಾಯ. ಸಾಮಾನ್ಯ ಪ್ರಕರಣಗಳಲ್ಲಿ ಇದು ನೂರಕ್ಕೆ ಒಂದಕ್ಕಿಂತ ಕಡಿಮೆ. ಆ್ಯಸಿಡ್ ಕುಡಿದವರಲ್ಲಿ, ವಿಕಿರಣ ಪಡೆದವರಲ್ಲಿ ಹೆಚ್ಚು. ಮನೆಗೆ ಹೋದ ಮೇಲೆ ಎದೆನೋವು ಏರುತ್ತ ಹೋದರೆ, ಜ್ವರ ಬಂದರೆ, ಉಸಿರಾಡಲು ಕಷ್ಟವಾದರೆ, ಕುತ್ತಿಗೆಯ ಚರ್ಮ ಒತ್ತಿದಾಗ ಚರಚರ ಎಂದರೆ ರಾತ್ರಿಯೇ ಆದರೂ ಆಸ್ಪತ್ರೆಗೆ ಮರಳಬೇಕು. ಬೇಗ ಗೊತ್ತಾದರೆ ಎಷ್ಟೋ ತೂತುಗಳನ್ನು ಇಂದು ಎಂಡೋಸ್ಕೋಪಿನಿಂದಲೇ ಕ್ಲಿಪ್ ಹಾಕಿಯೋ ಸ್ಟೆಂಟ್ ಎಂಬ ಜಾಲರಿ ಕೊಳವೆ ಇಟ್ಟೋ ಮುಚ್ಚಬಹುದು.

ಜಾಹೀರಾತುಗಳು ಇದನ್ನು ‘ಅರ್ಧ ಗಂಟೆಯ ಚಿಕಿತ್ಸೆ, ಅದೇ ದಿನ ಮನೆಗೆ’ ಎನ್ನುತ್ತವೆ. ಸುಳ್ಳಲ್ಲ, ಆದರೆ ಮುಖ್ಯವಾದದ್ದನ್ನು ಹೇಳದ ಸತ್ಯ. ಹರಿದ ಕಲೆ ಮತ್ತೆ ಮಾಯುತ್ತದೆ, ಮಾಯುವಾಗ ಮತ್ತೆ ಬಿಗಿಯುತ್ತದೆ. ಹಾಗಾಗಿ ವಾರಕ್ಕೋ ಎರಡು ವಾರಕ್ಕೋ ಒಮ್ಮೆ ಹಿಗ್ಗಿಸುತ್ತ ಹೋಗಿ, ಗೋಡೆ ಹೊಸ ಅಗಲಕ್ಕೆ ಒಗ್ಗುವವರೆಗೆ ಬಿಡಬಾರದು. ಎದೆಯುರಿಯಿಂದ ಆದ ಸಣ್ಣ, ನೆಟ್ಟನೆಯ ಕಿರಿದಾಗುವಿಕೆಗೆ ಒಂದೆರಡು ಸಲ ಸಾಕಾಗಬಹುದು, ಆಮ್ಲ ತಗ್ಗಿಸುವ ಮಾತ್ರೆ ಮುಂದುವರಿಸಿದರೆ. ಮಾತ್ರೆ ನಿಲ್ಲಿಸಿದವರು ತಿರುಗಿ ಬರುತ್ತಾರೆ. ಎರಡು ಸೆಂಟಿಮೀಟರಿಗಿಂತ ಉದ್ದದ, ಅಂಕುಡೊಂಕಾದ ದಾರಿಗಳ ಕಥೆಯೇ ಬೇರೆ. ಎರಡು ವಾರಕ್ಕೊಮ್ಮೆಯಂತೆ ಐದು ಸಲ ಮಾಡಿದರೂ 14 ಮಿಲಿಮೀಟರ್ ತಲುಪದಿದ್ದರೆ ವೈದ್ಯರು ಅದನ್ನು ಹಟಮಾರಿ ಪಟ್ಟಿಗೆ ಸೇರಿಸುತ್ತಾರೆ. ತೊಂದರೆ ಎಲ್ಲಿ ಆಗುತ್ತದೆ ಎಂದರೆ, ಎರಡನೇ ಸಲಕ್ಕೇ ಅನ್ನ ಸಲೀಸಾಗಿ ಇಳಿಯತೊಡಗುತ್ತದೆ. ಬಸ್ ಖರ್ಚು, ಕೂಲಿ ಬಿಟ್ಟ ದಿನ, ಜೊತೆಗೆ ಬರುವವರ ಹೊಂದಾಣಿಕೆ, ಎಲ್ಲ ಲೆಕ್ಕ ಹಾಕಿ ರೋಗಿ ಮೂರನೆಯದಕ್ಕೆ ಬರುವುದಿಲ್ಲ. ಮತ್ತೆ ಬರುವಾಗ ನಾಳ ಮೊದಲಿನ ಅಳತೆಗೇ ಬಂದಿರುತ್ತದೆ.

ಹಟಮಾರಿಗಳಲ್ಲಿ ಮೊದಲ ಸ್ಥಾನ ಆ್ಯಸಿಡ್‌ಗೆ. ಜಾಕ್ಸನ್ನರ ಅಮೆರಿಕದಲ್ಲಿ ಕ್ಷಾರವಾಗಿದ್ದದ್ದು ನಮ್ಮಲ್ಲಿ ಕಕ್ಕಸು ತೊಳೆಯುವ ಆ್ಯಸಿಡ್. ಹಳೇ ನೀರಿನ ಬಾಟಲಿಯಲ್ಲಿ ತುಂಬಿ ಬಚ್ಚಲ ಮೂಲೆಯಲ್ಲಿಟ್ಟದ್ದನ್ನು ಮಕ್ಕಳು ನೀರೆಂದು ಕುಡಿಯುತ್ತಾರೆ. ದೊಡ್ಡವರು ಹೆಚ್ಚಾಗಿ ಬದುಕು ಸಾಕೆನಿಸಿದ ಗಳಿಗೆಯಲ್ಲಿ. ಆ್ಯಸಿಡ್ ದಾಳಿಗಳ ಹಿನ್ನೆಲೆಯಲ್ಲಿ ಸುಪ್ರೀಂ ಕೋರ್ಟ್ 2013ರಲ್ಲಿ ಅದರ ಬಿಡಿ ಮಾರಾಟಕ್ಕೆ ಕಡಿವಾಣ ಹಾಕಿತು, ಆದರೂ ಬಚ್ಚಲಿನ ಬಾಟಲಿ ಅಲ್ಲೇ ಇದೆ. ಕುಡಿದವರಿಗೆ ವಾಂತಿ ಮಾಡಿಸಬಾರದು. ಇಳಿಯುವಾಗ ಸುಟ್ಟದ್ದು ಹತ್ತುವಾಗ ಇನ್ನೊಮ್ಮೆ ಸುಡುತ್ತದೆ. ಬಾಟಲಿ ಸಮೇತ ಆಸ್ಪತ್ರೆಗೆ ಓಡುವುದೊಂದೇ ಸರಿ.

ಈ ವಿಷಯದಲ್ಲಿ ಜಗತ್ತು ಭಾರತಕ್ಕೆ ಋಣಿ. ಚಂಡೀಗಡದ ಪಿಜಿಐ ಆಸ್ಪತ್ರೆಯಲ್ಲಿ ಕೆಲಸ ಮಾಡುತ್ತಿದ್ದ ಶೌಕತ್ ಅಲಿ ಜರ್ಗರ್ ಮತ್ತು ಸಂಗಡಿಗರು, ಸುಟ್ಟ ಅನ್ನನಾಳವನ್ನು ಎಂಡೋಸ್ಕೋಪಿಯಲ್ಲಿ ನೋಡಿ ಶ್ರೇಣಿ ಕೊಡುವ ಪದ್ಧತಿಯನ್ನು 1991ರಲ್ಲಿ ಪ್ರಕಟಿಸಿದರು. ಸೊನ್ನೆಯಿಂದ 3ಬಿವರೆಗಿನ ಈ ಶ್ರೇಣಿ ಇಂದು ಎಲ್ಲ ಖಂಡಗಳಲ್ಲೂ ಜರ್ಗರ್ ಹೆಸರಿನಲ್ಲೇ ಬಳಕೆಯಲ್ಲಿದೆ. 2ಎವರೆಗಿನವರು ಕಲೆಯುಳಿಯದೆ ಗುಣವಾಗುತ್ತಾರೆ. 2ಬಿ ದಾಟಿದವರಲ್ಲಿ ಬಹುತೇಕರ ನಾಳ ಮುಂದೆ ಬಿಗಿಯುತ್ತದೆ ಎಂದು ಅದು ಮೊದಲ ದಿನಗಳಲ್ಲೇ ಹೇಳಿಬಿಡುತ್ತದೆ. ಆದರೆ ತಕ್ಷಣ ಹಿಗ್ಗಿಸುವಂತಿಲ್ಲ. ಸುಟ್ಟ ಗೋಡೆ ಮೆತ್ತಗಿರುತ್ತದೆ, ಹರಿದೀತು. ಕೆಲವು ವಾರ ಕಾದು, ಹೊಟ್ಟೆಗೋ ಕರುಳಿಗೋ ಹಾಕಿದ ಕೊಳವೆಯಲ್ಲಿ ಆಹಾರ ಕೊಡುತ್ತ, ಆಮೇಲೆ ಶುರುಮಾಡಬೇಕು. ಆ್ಯಸಿಡ್ ಜಠರದ ಕೆಳಬಾಗಿಲನ್ನೂ ಬಿಗಿಸುವುದರಿಂದ ಕೆಲವರಿಗೆ ಅಲ್ಲೂ ಬಲೂನ್ ಬೇಕಾಗುತ್ತದೆ. ಕಲೆಯೊಳಕ್ಕೆ ಟ್ರಯಾಮ್ಸಿನೊಲೋನ್ ಎಂಬ ಸ್ಟೀರಾಯ್ಡ್ ಚುಚ್ಚಿ ಹಿಗ್ಗಿಸಿದರೆ ಮತ್ತೆ ಬಿಗಿಯುವುದು ನಿಧಾನವಾಗುತ್ತದೆ ಎಂಬುದರ ಮೇಲೂ ಚಂಡೀಗಡದಲ್ಲಿ ಸಾಕಷ್ಟು ಕೆಲಸ ನಡೆದಿದೆ.

ಅದಕ್ಕೂ ಬಗ್ಗದಿದ್ದರೆ? ಹೊಲಿಗೆ ಜಾಗದ ಗಟ್ಟಿ ಉಂಗುರವನ್ನು ವಿದ್ಯುತ್ ಚಾಕುವಿನಿಂದ ಕೊಯ್ಯಬಹುದು. ಕೆಲವು ವಾರಗಳ ಮಟ್ಟಿಗೆ ಹೊದಿಕೆಯಿರುವ ಲೋಹದ ಸ್ಟೆಂಟ್ ಇಟ್ಟು ತೆಗೆಯಬಹುದು. ಅದು ಜಾರಿ ಜಠರಕ್ಕೆ ಬೀಳುವ ಕಾಟ ಇದ್ದೇ ಇದೆ, ತೆಗೆದ ಮೇಲೆ ಹಲವರಿಗೆ ಮತ್ತೆ ಬಿಗಿಯುತ್ತದೆ. ತರಬೇತಿ ಕೊಟ್ಟು, ರೋಗಿಯೇ ಮನೆಯಲ್ಲಿ ತನ್ನ ಗಂಟಲಿಗೆ ಕೊಳವೆ ಇಳಿಸಿಕೊಳ್ಳುವಂತೆ ಮಾಡುವುದೂ ಉಂಟು. ವಿಲ್ಲಿಸ್ ಕಾಲದ ಆ ಮನುಷ್ಯನನ್ನು ನೆನಪಿಸುವ ಈ ಪದ್ಧತಿ ಕೇಳಲು ಭೀಕರ, ಆದರೆ ಒಗ್ಗಿಸಿಕೊಂಡವರು ಆಸ್ಪತ್ರೆಯ ಓಡಾಟದಿಂದ ಪಾರಾಗುತ್ತಾರೆ. ಕೊನೆಯದು ಶಸ್ತ್ರಚಿಕಿತ್ಸೆ: ದೊಡ್ಡ ಕರುಳಿನ ಒಂದು ಭಾಗವನ್ನೋ ಜಠರವನ್ನೋ ಮೇಲಕ್ಕೆಳೆದು ಹೊಸ ಅನ್ನನಾಳ ಮಾಡುವುದು. ಕ್ಯಾನ್ಸರ್ ಮುಂದುವರಿದು ಕೊಯ್ದು ತೆಗೆಯಲಾಗದವರಿಗೆ ಸ್ಟೆಂಟ್ ಬೇರೆಯೇ ಅರ್ಥದಲ್ಲಿ ಉಪಕಾರಿ. ಗುಣಪಡಿಸದಿದ್ದರೂ ಬಾಯಿಂದಲೇ ಉಣ್ಣುವಂತೆ ಮಾಡುತ್ತದೆ.

ವಿಲ್ಲಿಸ್ ಕಂಡ ರೋಗಿಯ ನಾಳದಲ್ಲಿ ಕಲೆಯೇ ಇರಲಿಲ್ಲ ಎಂದು ಈಗ ಊಹಿಸುತ್ತಾರೆ. ಅದು ಅಕಲೇಷಿಯಾ. ನಾಳದ ಕೆಳತುದಿಯ ಸ್ನಾಯು ನುಂಗುವಾಗ ಸಡಿಲವಾಗಬೇಕು. ಅದನ್ನು ಸಡಿಲಿಸುವ ನರಕೋಶಗಳು ಸತ್ತುಹೋಗಿ ಬಾಗಿಲು ಮುಚ್ಚಿಯೇ ಇರುತ್ತದೆ. ವರ್ಷಕ್ಕೆ ಲಕ್ಷಕ್ಕೆ ಒಬ್ಬರಿಗೆ ಬರುವ ಕಾಯಿಲೆ. ಇದರ ಗುರುತೆಂದರೆ ಮೊದಲಿನಿಂದಲೂ ಮುದ್ದೆಯಷ್ಟೇ ನೀರೂ ಸಿಕ್ಕಿಕೊಳ್ಳುವುದು, ರಾತ್ರಿ ತಿಂದದ್ದು ದಿಂಬಿನ ಮೇಲೆ ಬರುವುದು. ಇದಕ್ಕೆ 30 ಅಥವಾ 35 ಮಿಲಿಮೀಟರಿನ ದೊಡ್ಡ ಬಲೂನ್ ಬೇಕು. 1913ರಿಂದ ಸ್ನಾಯುವನ್ನು ಹೊರಗಿನಿಂದ ಸೀಳುವ ಹೆಲ್ಲರ್ ಶಸ್ತ್ರಚಿಕಿತ್ಸೆ ಇತ್ತು. 2008ರಲ್ಲಿ ಜಪಾನಿನ ಯೊಕೊಹಾಮಾದಲ್ಲಿ ಹರುಹಿರೊ ಇನೋವೆ ಅದನ್ನೇ ಒಳಗಿನಿಂದ ಮಾಡಿದರು: ಅನ್ನನಾಳದ ಒಳಪೊರೆಗೆ ಸಣ್ಣ ಸೀಳು ಕೊಟ್ಟು, ಪೊರೆಗೂ ಸ್ನಾಯುವಿಗೂ ನಡುವೆ ಸುರಂಗ ಕೊರೆದು, ಒಳಗಿಂದ ಸ್ನಾಯು ಕತ್ತರಿಸಿ, ಸುರಂಗದ ಬಾಯಿಗೆ ಕ್ಲಿಪ್ ಹಾಕಿ ಹೊರಬರುವುದು. ಪೋಯಮ್ ಎಂಬ ಈ ವಿಧಾನ ನಮ್ಮ ಸುತ್ತಲೂ ಬೇಗ ಹಬ್ಬಿತು. ಹೈದರಾಬಾದಿನ ಏಷ್ಯನ್ ಇನ್‌ಸ್ಟಿಟ್ಯೂಟ್ ಆಫ್ ಗ್ಯಾಸ್ಟ್ರೋಎಂಟರಾಲಜಿ ಇದರಲ್ಲಿ ದೊಡ್ಡ ಹೆಸರು.

2019ರಲ್ಲಿ ಬಂದ ಎರಡು ಅಧ್ಯಯನಗಳನ್ನು ಒಟ್ಟಿಗೆ ಇಟ್ಟು ನೋಡಬೇಕು. ಒಂದರಲ್ಲಿ ಎರಡು ವರ್ಷದ ನಂತರ ಪೋಯಮ್ ಮಾಡಿಸಿಕೊಂಡವರಲ್ಲಿ ಶೇ 92 ಮಂದಿ ಚೆನ್ನಾಗಿದ್ದರು, ಬಲೂನಿನವರಲ್ಲಿ ಶೇ 54. ಇನ್ನೊಂದರಲ್ಲಿ ಪೋಯಮ್ ಮತ್ತು ಹೆಲ್ಲರ್ ಸಮಸಮ, ಶೇ 83 ಮತ್ತು 82ರ ಆಸುಪಾಸು. ಆದರೆ ಆಮ್ಲ ಮೇಲೇರಿ ಅನ್ನನಾಳ ಸುಟ್ಟ ಗುರುತು ಎರಡು ವರ್ಷಕ್ಕೆ ಪೋಯಮ್‌ನವರಲ್ಲಿ ಶೇ 44, ಹೆಲ್ಲರ್‌ನವರಲ್ಲಿ ಶೇ 29. ಬಾಗಿಲು ತೆರೆದರೆ ಎರಡೂ ಕಡೆಗೆ ತೆರೆಯುತ್ತದೆ. ಆಮ್ಲ ತಗ್ಗಿಸುವ ಮಾತ್ರೆಯನ್ನು ಕೆಲವರು ಬಹುಕಾಲ ನುಂಗಬೇಕಾಗುತ್ತದೆ. ಚಿಕಿತ್ಸೆಗೆ ಮುಂಚೆ ಈ ಲೆಕ್ಕವನ್ನು ರೋಗಿಗೆ ಹೇಳುವ ವೈದ್ಯರೂ ಇದ್ದಾರೆ, ಹೇಳದವರೂ ಇದ್ದಾರೆ.

ಇನ್ನೊಂದು ವಿಷಯ, ಚಿಕ್ಕದು. ಹಿಗ್ಗಿಸಿಕೊಂಡು ಮನೆಗೆ ಹೊರಡುವಾಗ ಕೊಡುವ ವರದಿಯಲ್ಲಿ ಕಿರಿದಾದ ಜಾಗ ಹಲ್ಲಿನಿಂದ ಎಷ್ಟು ಸೆಂಟಿಮೀಟರ್ ಕೆಳಗಿದೆ, ಎಷ್ಟು ಉದ್ದವಿದೆ, ಈ ದಿನ ಎಷ್ಟು ಮಿಲಿಮೀಟರಿಗೆ ನಿಲ್ಲಿಸಿದರು, ಮುಂದಿನ ಸಲ ಯಾವಾಗ ಎಂಬ ನಾಲ್ಕು ಸಂಗತಿ ಬರೆದಿರಬೇಕು. ಇಲ್ಲದಿದ್ದರೆ ಕೇಳಿ ಬರೆಸಿಕೊಳ್ಳಬೇಕು. ದಾವಣಗೆರೆಯಲ್ಲಿ ಶುರುಮಾಡಿ ಬೆಂಗಳೂರಿನಲ್ಲಿ ಮುಂದುವರಿಸುವವರು, ಸರ್ಕಾರಿ ಆಸ್ಪತ್ರೆಯಿಂದ ಖಾಸಗಿಗೆ ಹೋಗುವವರು ಬಹಳ. ಆ ಹಾಳೆ ಕೈಯಲ್ಲಿದ್ದರೆ ಹಿಂದೆ 11ಕ್ಕೆ ನಿಲ್ಲಿಸಿದ್ದನ್ನು ಹೊಸ ವೈದ್ಯರು 11ರಿಂದ ಮುಂದುವರಿಸುತ್ತಾರೆ. ಇಲ್ಲದಿದ್ದರೆ ಮತ್ತೆ ಕೆಳಗಿನ ಅಳತೆಯಿಂದ ತಡಕಾಡಬೇಕು.